ಅತ್ತಿಗೆಗೆ ಓದಿದ ಪೇಪರು

ಹಂಪಸಾಗರ
13 ಮೇ 2025

ಮಗಳು ಯಶೋಧರಾಗೆ ನಿನ್ನ ಚಿಗಪ್ಪ ಸಂಜೀವಪ್ಪನ ಜೈಭೀಮ್, ಅದರ ಬೆನ್ನಿಗೇ ಆಶೀರ್ವಾದ.

ನಿನ್ನ ಕಾಗದ ಬಂದು ಹದಿನೈದು ದಿನವಾಯಿತು. ತಡವಾಯಿತೆಂದು ಬೈಯಬೇಡ. ಹಾಳೆ ಇತ್ತು, ಪೆನ್ನು ಇತ್ತು, ಪುರುಸೊತ್ತಂತೂ ಬೇಕಾದಷ್ಟಿತ್ತು. ಏನು ಬರೆಯಬೇಕೆಂಬುದು ಮಾತ್ರ ತಿಳಿಯಲಿಲ್ಲ. ಫೋನು ಮಾಡಬಹುದಿತ್ತಲ್ಲ ಅನ್ನುತ್ತೀಯ. ಫೋನು ಕೈಗೆತ್ತಿಕೊಂಡರೆ ಸಾಕು, ನಿಮ್ಮವ್ವ ನನ್ನ ಮಗ್ಗುಲಿಗೆ ಬಂದು ಕೂತು "ಏನಂತ? ಏನಂತ?" ಅಂತ ಮಾತು ಮಾತಿಗೂ ಕೇಳುತ್ತಾಳೆ. ಅವಳ ವಿಷಯವನ್ನು ಅವಳ ಎದುರಿಗೇ ಹೇಗೆ ಮಾತಾಡಲಿ? ಅದಕ್ಕೇ ಕಾಗದ. ನಮ್ಮ ಅಂಚೆಯವನು "ಈಗಿನ ಕಾಲದಾಗ ಮನಿಮಂದಿಗೆ ಕಾಗದ ಬರಿಯೋರು ನೀವೊಬ್ರಾ ನೋಡ್ರಿ" ಅಂತ ನಗುತ್ತಾನೆ.

ನಾವೆಲ್ಲ ಆರಾಮ ಇದ್ದೇವೆ. ನಿನ್ನ ಚಿಗವ್ವ ಹುಲಿಗೆಮ್ಮಳ ಮೊಣಕಾಲು ನೋವು ಹಾಗೇ ಇದೆ, ಬಾಯಿಯೂ ಹಾಗೇ ಇದೆ. ನಿನ್ನೆ ಬುದ್ಧ ಪೂರ್ಣಿಮೆ. ಸಮುದಾಯ ಭವನದಲ್ಲಿ ಕೇರಿಯವರೆಲ್ಲ ಸೇರಿ ಶಾವಿಗೆ ಪಾಯಸ ಮಾಡಿದ್ದೆವು. ನಿಮ್ಮವ್ವ ಎರಡು ಸಲ ಹಾಕಿಸಿಕೊಂಡಳು. ಸಕ್ಕರೆ ಕಾಯಿಲೆಯ ಮಾತನ್ನು ನಾನು ಎತ್ತಲಿಲ್ಲ. ನಾಲ್ಕು ದಿನದ ಯುದ್ಧ ಮೊನ್ನೆಯಷ್ಟೇ ನಿಂತಿತ್ತು, ಎಲ್ಲರ ಮುಖದಲ್ಲೂ ಸ್ವಲ್ಪ ಗೆಲುವಿತ್ತು.

ನೀನು ಎರಡು ಕೆಲಸ ಹೇಳಿದ್ದೀಯ. ಶಾಲೆ ಶುರುವಾದರೆ ಹರಪನಹಳ್ಳಿಯ ನಿನ್ನ ಹತ್ತನೇ ತರಗತಿಯ ಮಕ್ಕಳಿಗೆ ವಿದೇಶಾಂಗ ನೀತಿಯ ಪಾಠ ಮಾಡಬೇಕು, ಪಾಕಿಸ್ತಾನದ ಜೊತೆ ನಮ್ಮ ದೇಶ ನಡೆದುಕೊಂಡ ರೀತಿ ಕಾಲಕಾಲಕ್ಕೆ ಹೇಗೆ ಬದಲಾಯಿತು ಅಂತ ಐವತ್ತು ವರ್ಷ ಪೇಪರ್ ಓದಿದ ಚಿಗಪ್ಪ ಬರೆದು ಕಳಿಸಬೇಕು. ಇದು ಒಂದು. ಹಗರಿಬೊಮ್ಮನಹಳ್ಳಿಯಲ್ಲಿ ಮಾಜಿ ಸೈನಿಕರ ಸಂಘದವರು ನಿಲ್ಲಿಸುವ ಹುತಾತ್ಮರ ಕಲ್ಲಿನ ಮೇಲೆ ನಿಮ್ಮಪ್ಪನ ಹೆಸರು ಬರಬೇಕು, ಆಗಸ್ಟ್ ಹದಿನೈದರೊಳಗೆ ಅವ್ವನ ರುಜು ಹಾಕಿಸಿಕೊಡಬೇಕು. ಇದು ಇನ್ನೊಂದು. "ಅವ್ವ ಒಪ್ಪಿದರೆ ನಿನ್ನ ಮಾತಿಗೆ ಮಾತ್ರ ಒಪ್ಪುತ್ತಾಳೆ" ಅಂತ ಕೊನೆಗೆ ಬರೆದಿದ್ದೀಯಲ್ಲ, ಆ ಸಾಲನ್ನು ಎಷ್ಟು ಸಲ ಓದಿದೆನೋ ಲೆಕ್ಕವಿಲ್ಲ.

ಸಂಘದ ಕಾರ್ಯದರ್ಶಿ ಕಾಂತೇಶ್ ಫಾರ್ಮು ಹಿಡಿದುಕೊಂಡು ತಾನೇ ಬಂದಿದ್ದ. ಹವಾಲ್ದಾರನಾಗಿ ನಿವೃತ್ತನಾದವನು, ಒಳ್ಳೆಯವನು. ಹೆಸರು, ಪಲ್ಟನ್ನು, ಊರು ಎಲ್ಲ ತುಂಬಿಸಿಕೊಂಡು ಬಂದಿದ್ದ. ಕೊನೆಯ ಮನೆ ಖಾಲಿ. ಅಲ್ಲಿ "ಹುತಾತ್ಮರಾದ ದಿನಾಂಕ" ಅಂತ ಅಚ್ಚಾಗಿತ್ತು.

"ಡಿಸೆಂಬರ್ ಐದು ಅಂತ ಬರಿತೀನಿ ಬಿಡವ್ವ. ಕಾಣಿ ಆದ ದಿನ ಅದಾ ಅಲ್ಲೇನು?" ಅಂದ.

ನಿಮ್ಮವ್ವ ಮೊರದಲ್ಲಿ ಅಕ್ಕಿ ಹಸನು ಮಾಡುತ್ತಿದ್ದಳು. ತಲೆ ಎತ್ತಲಿಲ್ಲ. "ಕಾಣಿ ಆದೋರು ಬ್ಯಾರೆ, ಸತ್ತೋರು ಬ್ಯಾರೆ. ಹೋದ ವರ್ಷ ನಿನ್ನ ಎಮ್ಮಿ ಕಾಣಿ ಆಗಿತ್ತಲ್ಲ, ಅದರ ದಿವಸ ಮಾಡಿದ್ಯೇನು?"

"ಅದು ಸಿಕ್ತಲ್ಲವ್ವ."

"ಹೂಂ, ಸಿಕ್ತಲ್ಲ."

ಕಾಂತೇಶ್ ನಕ್ಕುಬಿಟ್ಟ. ನನಗೆ ನಗು ಬರಲಿಲ್ಲ. "ಸಂಜೀವ ಪೇಪರ್ ಓದಲಿ, ಆಮ್ಯಾಲೆ ನೋಡಾಣ" ಅಂತ ಹೇಳಿ ಅವನಿಗೆ ಚಹಾ ಕೊಟ್ಟು ಕಳಿಸಿದಳು.

ಈ ಪೇಪರ್ ಓದುವುದು ಹೇಗೆ ಶುರುವಾಯಿತೆಂದು ನಿನಗೆ ಪೂರ್ತಿ ಗೊತ್ತಿರಲಿಕ್ಕಿಲ್ಲ. 1971ರ ಡಿಸೆಂಬರಿನಲ್ಲಿ ತಂತಿ ಬಂದಾಗ ನನಗೆ ಹದಿನಾಲ್ಕು. ಏಳನೇ ಇಯತ್ತೆಗೆ ಶಾಲೆ ಬಿಟ್ಟಿದ್ದೆ. ನೀನಿನ್ನೂ ನಿಮ್ಮವ್ವನ ಹೊಟ್ಟೆಯಲ್ಲಿದ್ದೆ. ಇಂಗ್ಲಿಷಿನ ತಂತಿಯನ್ನು ಪೋಸ್ಟ್ ಮಾಸ್ತರರು ಓದಿ, ಪಂಜಾಬಿನ ಗಡಿಯಲ್ಲಿ ಅಣ್ಣ ಕರಿಸಿದ್ದಪ್ಪ ಕಾಣೆಯಾಗಿದ್ದಾನೆ ಅಂದರು. ಸತ್ತಿದ್ದಾನೆ ಅಂದಿದ್ದರೆ ಬಳೆ ಒಡೆಯುತ್ತಿದ್ದರು. ಕಾಣೆಯಾದರೆ ಏನು ಮಾಡಬೇಕೆಂದು ನಮ್ಮ ಕೇರಿಯ ಹಿರಿಯರಿಗೂ ಗೊತ್ತಿರಲಿಲ್ಲ. ನಿಮ್ಮವ್ವ ಬಳೆ, ಕುಂಕುಮ, ಕಾಲುಂಗುರ ಎಲ್ಲವನ್ನೂ ಹಾಗೇ ಇಟ್ಟುಕೊಂಡು, ಮರುದಿನ ನನ್ನ ಕರೆದು, "ಆ ಪೇಪರಿನ್ಯಾಗ ಏನ್ ಬರದಾರ ನೋಡಿ ಬಾರಲೇ" ಅಂದಳು.

ಊರಿಗೆಲ್ಲ ಒಂದೇ ಪೇಪರು, ಅದು ಏಕಾಂತಪ್ಪನವರ ಹೋಟೆಲಿಗೆ ಬರುತ್ತಿತ್ತು. ನಮಗೆ ಒಳಗೆ ಹೋಗಲಿಕ್ಕಿರಲಿಲ್ಲ, ಹೊರಗೆ ಕಟ್ಟೆಯ ಮೇಲೆ ನಮ್ಮ ಲೋಟ ಬೇರೆ. ಪೇಪರು ಮಾತ್ರ ಬೇರೆ ಇರಲಿಲ್ಲ. ಒಳಗಿನವರೆಲ್ಲ ಓದಿ ಮುಗಿಸಿದ ಮೇಲೆ ಸಂಜೆ ಏಕಾಂತಪ್ಪನವರು ಅದನ್ನು ನನ್ನ ಕೈಗೆ ಕೊಟ್ಟು "ನಾಳಿ ತಂದುಕೊಡು" ಅನ್ನುತ್ತಿದ್ದರು. ಅಕ್ಷರ ಕೂಡಿಸಿ ಕೂಡಿಸಿ ಓದುತ್ತ ನಾನು ಕಲಿತದ್ದೆಲ್ಲ ಅದರಲ್ಲೇ. ಅವತ್ತಿನಿಂದ ಇವತ್ತಿನವರೆಗೆ, ನೀರಗಂಟಿ ಕೆಲಸ ಸಿಕ್ಕು ನಾನೇ ಪೇಪರು ಹಾಕಿಸಿಕೊಂಡ ಮೇಲೂ, ದಿನಾ ಬೆಳಿಗ್ಗೆ ಚಹಾ ಕುಡಿಯುತ್ತ ಅವಳಿಗೆ ಓದಿ ಹೇಳುತ್ತೇನೆ. ಮನೆಗೆ ಟಿ.ವಿ. ಬಂದು ಎಷ್ಟೋ ವರ್ಷವಾಯಿತು. "ಅವ್ರು ಒದರ್ತಾರ. ನೀ ಓದು" ಅನ್ನುತ್ತಾಳೆ.

ಈ ಸಲದ ಯುದ್ಧದಲ್ಲೂ ಹಾಗೇ. ಪಹಲ್ಗಾಮಿನಲ್ಲಿ ಸತ್ತವರ ಹೆಸರು ಓದಿದಾಗ ಅವರ ಹೆಂಡಂದಿರ ವಯಸ್ಸು ಎಷ್ಟೆಂದು ಕೇಳಿದಳು. ನಮ್ಮವರು ನಡೆಸಿದ ಕಾರ್ಯಾಚರಣೆಗೆ ಇಟ್ಟ ಹೆಸರು ಓದಿದೆ. "ಸಿಂದೂರ ಅಂದ್ರ?" ಅಂದಳು. "ಕುಂಕುಮ" ಅಂದೆ. ಬಿಸಿಲಿಗೆ ಬೆವೆತ ಹಣೆಯನ್ನು ಸೆರಗಿನಿಂದ, ಕುಂಕುಮಕ್ಕೆ ತಾಗದ ಹಾಗೆ ಸುತ್ತಲೂ ಒರೆಸಿಕೊಂಡಳು.

"ಆ ಕಡಿಗೆ ಹೋಗೋ ಬಾಗ್ಲಾ ಹಾಕ್ಯಾರೇನು?"

"ಹಾಕ್ಯಾರ. ತಾತ್ಕಾಲಿಕ" ಅಂದೆ.

ತಾತ್ಕಾಲಿಕ ಅನ್ನುವ ಶಬ್ದ ಪೇಪರಿನಲ್ಲಿ ಇರಲಿಲ್ಲ, ಮಗಳೇ. ಇಂಥ ಶಬ್ದಗಳನ್ನು ನಾನು ಬಹಳ ಕಾಲದಿಂದ ಸೇರಿಸುತ್ತ ಬಂದಿದ್ದೇನೆ. ನಿನ್ನ ಎರಡನೆಯ ಕೆಲಸಕ್ಕೆ ನನ್ನ ಕೈ ಬರದಿರುವುದು ಅದಕ್ಕೇ. ಬಾಗಿಲು ತೆರೆಯುತ್ತದೆ ಅಂತ ಇಷ್ಟು ವರ್ಷ ಹೇಳಿದವನು, ಇಲ್ಲಿ ರುಜು ಹಾಕು ಅಂತ ಯಾವ ಬಾಯಲ್ಲಿ ಹೇಳಲಿ?

ಸ್ವಲ್ಪ ಕಾಲ ಕೊಡು. ಮನೆಯವರಿಗೆಲ್ಲ ಕೇಳಿದೆನೆಂದು ಹೇಳು. ಬಿಸಿಲಿಗೆ ಹೊರಗೆ ಅಡ್ಡಾಡಬೇಡ.

ನಿನ್ನ ಚಿಗಪ್ಪ
ಸಂಜೀವಪ್ಪ

ತಾ.ಕ.: ಫಾರ್ಮು ಗೋಡೆಯ ಗೂಡಿನಲ್ಲಿ, ಬಾಬಾಸಾಹೇಬರ ಫೋಟೋದ ಕೆಳಗಿದೆ. ನಿಮ್ಮವ್ವ ದಿನಾ ಅದರ ಮೇಲಿನ ಧೂಳು ಹೊಡೆಯುತ್ತಾಳೆ, ಮುಟ್ಟುವುದಿಲ್ಲ.


ಹಂಪಸಾಗರ
4 ಜುಲೈ 2025

ಮಗಳು ಯಶೋಧರಾಗೆ ಜೈಭೀಮ್.

ನಿನ್ನ ಎರಡನೆಯ ಕಾಗದ ಸಿಕ್ಕಿತು. ಶಾಲೆ ಶುರುವಾಯಿತು, ಪಾಠ ಹತ್ತಿರ ಬಂತು, ಚಿಗಪ್ಪ ಸುಮ್ಮನಿದ್ದಾನೆ ಅಂತ ಬೈದದ್ದು ಸರಿಯಾಗಿಯೇ ಇದೆ. ಇಲ್ಲಿ ಹೊಳೆಯ ಹಿನ್ನೀರು ಏರಿದೆ. ಹೋದ ವರ್ಷ ಹತ್ತೊಂಬತ್ತನೇ ಗೇಟು ಕೊಚ್ಚಿಹೋದ ಮೇಲೆ ಈ ಸಲ ಅಣೆಕಟ್ಟು ಪೂರ್ತಿ ತುಂಬಿಸುವುದಿಲ್ಲವಂತೆ. ಹುಲಿಗೆಮ್ಮ ಇವತ್ತು ಮೀನು ಸಾರು ಮಾಡಿದ್ದಳು. ನಿನ್ನ ನೆನೆಸಿಕೊಂಡೆವು.

ಮೊದಲು ನಿನ್ನ ಪಾಠ. ನಾನು ಪಂಡಿತನಲ್ಲ, ಓದಿದ್ದಷ್ಟೇ ಬರೆಯುತ್ತೇನೆ. ತಪ್ಪಿದ್ದರೆ ತಿದ್ದಿಕೋ.

ಆ ಯುದ್ಧ ಮುಗಿದ ಮರುವರ್ಷ, 1972ರಲ್ಲಿ, ಶಿಮ್ಲಾದಲ್ಲಿ ಒಪ್ಪಂದವಾಯಿತು. ಜಗಳ ಏನೇ ಇರಲಿ ನಾವಿಬ್ಬರೇ ಕೂತು ಬಗೆಹರಿಸಿಕೊಳ್ಳಬೇಕು, ಮೂರನೆಯವರು ನಡುವೆ ಬರಬಾರದು ಅಂತ. ಆ ಮಾತನ್ನು ನಮ್ಮ ದೇಶ ಇವತ್ತಿಗೂ ಬಿಟ್ಟಿಲ್ಲ. ಗೆದ್ದವರೇ ಗಡಿಯಲ್ಲಿ ಹಿಡಿದ ನೆಲ ಬಿಟ್ಟುಕೊಟ್ಟರು. ತೊಂಬತ್ತು ಸಾವಿರದಷ್ಟು ಸೆರೆಯಾಳುಗಳನ್ನು ವರ್ಷ ಎರಡು ವರ್ಷದಲ್ಲಿ ವಾಪಸು ಕಳಿಸಿದರು. ಅದನ್ನು ಓದಿದಾಗ ನಿಮ್ಮವ್ವ "ನಾವು ಅಷ್ಟ್ ಮಂದಿ ಕೊಟ್ವಿ. ಒಬ್ಬರನ್ನ ಕೊಡಾಕ ಅವ್ರಿಗೇನು?" ಅಂದಳು. "ಕೊಡ್ತಾರ" ಅಂದೆ. ನಾನು ಸೇರಿಸಿದ ಮೊದಲನೆಯ ಶಬ್ದ ಅದು. ಪೇಪರಿನಲ್ಲಿ ಅದಿರಲಿಲ್ಲ.

1976ರಲ್ಲಿ ರಾಯಭಾರಿಗಳು ಮತ್ತೆ ಬಂದರು, ಅಮೃತಸರದಿಂದ ಲಾಹೋರಿಗೆ ರೈಲು ಬಿಟ್ಟರು. ಕೋಗಳಿಯ ಮಂಜಣ್ಣ ಅಂತ ಒಬ್ಬನಿದ್ದ, ಕೊಟ್ಟೂರು ಲೈನಿನ ಗ್ಯಾಂಗ್‌ಮನ್. ಆಗ ನಮ್ಮ ಮನೆಗೆ ಬಂದು ಹೋಗುತ್ತಿದ್ದ, ಬಂದಾಗಲೆಲ್ಲ ನಿನಗೆ ಪೇರಲ ಹಣ್ಣು ತರುತ್ತಿದ್ದ. ನಿನಗೆ ನೆನಪಿರಲಿಕ್ಕಿಲ್ಲ. "ಹಳಿ ಜೋಡಿಸಿದ್ರ ಮನಸ್ಯಾರು ಬರಾಕ ಹತ್ತತಾರ" ಅನ್ನುತ್ತಿದ್ದ. ಆ ವರ್ಷದ ಓದಿನ ಬಗ್ಗೆ ಇನ್ನೊಂದು ಮಾತು ಬರೆಯಬೇಕು. ಈ ಕಾಗದದಲ್ಲಿ ಆಗುವುದಿಲ್ಲ.

ಆಮೇಲೆ ಕಾಶ್ಮೀರದಲ್ಲಿ ಬಂದೂಕು ಶುರುವಾಯಿತು, ಮಾತು ಕಮ್ಮಿಯಾಯಿತು. ಎರಡೂ ಕಡೆ ಅಣುಬಾಂಬು ಸಿಡಿಸಿ ನೋಡಿಕೊಂಡರು. ಮರುವರ್ಷವೇ, 1999ರ ಫೆಬ್ರುವರಿಯಲ್ಲಿ, ನಮ್ಮ ಪ್ರಧಾನಿ ಬಸ್ಸಿನಲ್ಲಿ ಲಾಹೋರಿಗೆ ಹೋದರು. ನಿಮ್ಮವ್ವ ಅವತ್ತು ಹೊಸ ಸೀರೆ ಉಟ್ಟಿದ್ದಳು. ಮೂರು ತಿಂಗಳಿಗೆ ಕಾರ್ಗಿಲ್. 2001ರ ಕೊನೆಗೆ ಸಂಸತ್ತಿನ ಮೇಲೆ ದಾಳಿಯಾಯಿತು, ಬಸ್ಸು ರೈಲು ಎರಡೂ ನಿಂತವು. ಎರಡು ವರ್ಷಕ್ಕೆ ಮತ್ತೆ ಹೊರಟವು, ಗಡಿಯಲ್ಲಿ ಗುಂಡೂ ನಿಂತಿತು. 2007ರಲ್ಲಿ ಕಾಣೆಯಾದ ಸೈನಿಕರ ಮನೆಯವರು ಕೆಲವರನ್ನು ಆ ದೇಶದ ಜೈಲುಗಳನ್ನು ನೋಡಲು ಬಿಟ್ಟರು. ಹೋದವರು ಬರಿಗೈಯಲ್ಲಿ ಬಂದರು. ಆ ಸುದ್ದಿಯ ಮೊದಲರ್ಧವನ್ನು ಮಾತ್ರ ಓದಿದೆ. ಮರುವರ್ಷ ಮುಂಬೈ.

ಒಂದು ಕಾಲಕ್ಕೆ, ಏನೇ ಆದರೂ ಮಾತು ನಿಲ್ಲಬಾರದು ಅನ್ನುತ್ತಿದ್ದರು. ಆಮೇಲೆ, ಭಯೋತ್ಪಾದನೆ ನಿಂತರೆ ಮಾತ್ರ ಮಾತು ಅಂದರು. ಈಗ, ಮಾತಾಡುವುದಾದರೆ ಅದರ ಬಗ್ಗೆಯೇ ಮಾತು, ಇನ್ನೊಂದು ದಾಳಿಯಾದರೆ ಅದನ್ನು ಯುದ್ಧವೆಂದೇ ತಿಳಿಯುತ್ತೇವೆ ಅನ್ನುತ್ತಾರೆ. ಒಂದೇ ಮನೆಯ ಯಜಮಾನಿಕೆ ಕೈ ಬದಲಾದಾಗ ಬೀಗರೊಂದಿಗಿನ ನಡತೆ ಬದಲಾಗುವ ಹಾಗಲ್ಲ ಇದು. ಯಾವ ಪಕ್ಷ ಬಂದರೂ ಮೊದಮೊದಲು ಕೈ ಚಾಚಿದ್ದಾರೆ, ಆಮೇಲೆ ಹಿಂದಕ್ಕೆ ಎಳೆದುಕೊಂಡಿದ್ದಾರೆ. ಸತ್ತವರ ಮನೆಯ ಮುಂದೆ ನಿಂತು ನೋಡಿದರೆ ತಪ್ಪು ಅನ್ನಲಿಕ್ಕೂ ಆಗುವುದಿಲ್ಲ. ಎಳೆದುಕೊಳ್ಳುವಾಗ ಪ್ರತಿ ಸಲವೂ ಒಂದೊಂದು ಹಗ್ಗ ಹರಿದಿದೆ, ನಾನು ಕಂಡದ್ದು ಅಷ್ಟು. 2019ರಲ್ಲಿ ವ್ಯಾಪಾರ, ರೈಲು. ಈಗ ವೀಸಾ, ಟಪಾಲು, ಗಡಿಯ ಗೇಟು, ಕೊನೆಗೆ ನೀರಿನ ಒಪ್ಪಂದ.

ನೀರಿನ ವಿಷಯ ನಿನ್ನ ಮಕ್ಕಳು ಕೇಳೇ ಕೇಳುತ್ತಾರೆ. ಮೂವತ್ತೊಂದು ವರ್ಷ ವಾಲ್ವ್ ತಿರುಗಿಸಿದವನಾಗಿ ಹೇಳುತ್ತೇನೆ. ಒಮ್ಮೆ ಮೇಲಿನ ಓಣಿಯವರಿಗೂ ನಮ್ಮ ಕೇರಿಗೂ ಜಗಳವಾಗಿ, ಕೇರಿಗೆ ನೀರು ಬಂದ್ ಮಾಡು ಅಂತ ನನಗೇ ಹುಕುಂ ಬಂತು. ಮುಚ್ಚಿದೆ. ಟಾಕಿ ತುಂಬಿತ್ತು, ಒತ್ತಡಕ್ಕೆ ಮೇಲಿನ ಓಣಿಯ ಜಾಯಿಂಟೇ ಒಡೆದು ಅವರ ಅಂಗಳಗಳೆಲ್ಲ ಕೆಸರಾದವು. ಮುಚ್ಚುವುದಕ್ಕೆ ಒಂದು ಗಳಿಗೆ ಸಾಕು. ಹಿಡಿದಿಡಲಿಕ್ಕೆ ಜಾಗ ಬೇಕು, ಅದನ್ನು ಕಟ್ಟಲು ವರ್ಷಗಟ್ಟಲೆ ಬೇಕು. ಸಿಂಧೂ ನದಿಗೂ ಅಷ್ಟೇ ಅಂತ ನನ್ನ ತಿಳುವಳಿಕೆ.

2019ರಲ್ಲಿ ರೈಲು ನಿಂತಾಗ ನಿಮ್ಮವ್ವ ನಕ್ಕಿದ್ದಳು. "ನಮ್ಮ ಕೊಟ್ಟೂರು ರೈಲು ಎಷ್ಟ್ ವರ್ಷ ನಿಂತಿತ್ತು? ಈಗ ಬಿಡಾಕ ಹತ್ತಿಲ್ಲೇನು? ಅದೂ ಬಿಡ್ತಾರ ತಗೋ." ಆ ವರ್ಷವೇ ಕೊಟ್ಟೂರಿನಲ್ಲಿ ಪ್ಯಾಸೆಂಜರ್ ಗಾಡಿ ಮತ್ತೆ ಓಡಿತ್ತು. ನಾನೂ ಹೂಂ ಅಂದಿದ್ದೆ.

ಇನ್ನು ಎರಡನೆಯ ಕೆಲಸ.

ವರ್ಷಕ್ಕೆರಡು ಸಲ, ಜನವರಿ ಒಂದಕ್ಕೆ ಮತ್ತು ಜುಲೈ ಒಂದಕ್ಕೆ, ಎರಡೂ ದೇಶಗಳು ತಮ್ಮ ತಮ್ಮ ಜೈಲಿನಲ್ಲಿರುವವರ ಪಟ್ಟಿಯನ್ನು ಅದಲು ಬದಲು ಮಾಡಿಕೊಳ್ಳುತ್ತವೆ. ಬೇರೆಲ್ಲ ನಿಂತರೂ ಇದು ನಿಂತಿಲ್ಲ. ಈ ಸಲವೂ ನಿಲ್ಲಲಿಲ್ಲ. ಮೊನ್ನೆ ಎರಡನೇ ತಾರೀಖು ಬೆಳಿಗ್ಗೆ ನಾನು ಕನ್ನಡಕ ಹಾಕಿಕೊಳ್ಳುವ ಮೊದಲೇ ಕೇಳಿದಳು.

"ಪಟ್ಟಿ ಬಂತೇನು?"

"ಬಂತು. ಹೆಸರು ಹಾಕಿಲ್ಲ. ಬರೀ ಎಷ್ಟು ಮಂದಿ ಅಂತ. ಬಾಳ ಮಂದಿ ಮೀನುಗಾರರು."

"ಪ್ರತಿ ಸಲಾನೂ ಮೀನುಗಾರರಾ."

ಶೇಂಗಾ ಸುಲಿಯುತ್ತಿದ್ದಳು. ಎಪ್ಪತ್ನಾಲ್ಕು ವರ್ಷ ಅವಳಿಗೆ. ಇನ್ನು ಎಷ್ಟು ಜುಲೈ ಕೇಳಿಯಾಳು ಅನ್ನಿಸಿತು. ಪೇಪರು ಮಡಚಿಟ್ಟೆ.

"ಅತ್ತಿಗಿ, ಒಂದು ಸಾಲು ಐತಿ. ಪ್ರತಿ ಸಲ ಬಿಟ್ಟು ಓದೀನಿ."

"ಯಾವ್ದು?"

"ಆ ಯುದ್ಧದ ಸೈನಿಕರು ನಮ್ಮ ಜೈಲಿನ್ಯಾಗ ಒಬ್ರೂ ಇಲ್ಲ ಅಂತ ಅವ್ರು ಹೇಳಾಕ ಹತ್ಯಾರ."

"ಈ ವರ್ಷ ಹೇಳ್ಯಾರೇನು?"

"ಮೊದ್ಲಿಂದ ಹೇಳ್ಯಾರ."

ಶೇಂಗಾ ಸುಲಿಯುವುದು ನಿಲ್ಲಲಿಲ್ಲ. "ನಮ್ಮೋರೇನಂತಾರ?"

"ಐವತ್ನಾಕು ಮಂದಿ ನಿಮ್ಮಲ್ಲೇ ಅದಾರ ಅಂತ ನಮ್ಮೋರು ಕೇಳ್ತಾನ ಬಂದಾರ. ಆ ಐವತ್ನಾಕ್ರಾಗ ಅಣ್ಣನ ಹೆಸ್ರು ಇಲ್ಲ ಅತ್ತಿಗಿ."

ಅಡುಗೆಮನೆಯಲ್ಲಿ ಹುಲಿಗೆಮ್ಮ ರೊಟ್ಟಿ ಬಡಿಯುವುದನ್ನು ನಿಲ್ಲಿಸಿದ್ದು ಕೇಳಿಸಿತು. ನಿಮ್ಮವ್ವ ಮೊರದಲ್ಲಿದ್ದಷ್ಟು ಕಾಯನ್ನು ಸುಲಿದು ಮುಗಿಸಿದಳು. ಸಿಪ್ಪೆ ಬೇರೆ ಮಾಡಿದಳು, ಕಾಳು ಬೇರೆ ಮಾಡಿದಳು. ಆಮೇಲೆ ಕೈ ತೊಳೆದುಕೊಂಡು ಬಂದು ಗೂಡಿನಿಂದ ಫಾರ್ಮು ತಂದು ನನ್ನ ಮುಂದಿಟ್ಟಳು.

"ಹೆಸ್ರು ಕೆತ್ತಲಿ. ದಿನ ಬ್ಯಾಡ."

"ದಿನ ಬರೀದಿದ್ರ ಕಾಂತೇಶ್ ಒಪ್ಪಂಗಿಲ್ಲ."

"ಸತ್ತ ದಿನ ನನಗ ಗೊತ್ತಿಲ್ಲ. ಗೊತ್ತಿಲ್ಲದ್ದಕ್ಕ ನಾ ರುಜು ಹಾಕಂಗಿಲ್ಲ."

ಸಾಕ್ಷರತಾ ತರಗತಿಯಲ್ಲಿ ಕಲಿತ ನಾಲ್ಕಕ್ಷರದಿಂದ, ಗಾಳೆಮ್ಮ ಅಂತ, ಹಾಳೆ ತೂತಾಗುವ ಹಾಗೆ ಒತ್ತಿ ಬರೆದಳು. ನಾನು ದಿನಾಂಕದ ಮನೆಗೆ ಒಂದು ಗೆರೆ ಎಳೆದೆ. "ಗೆರಿ ಯಾಕ? ಖಾಲಿ ಬಿಡು" ಅಂದಳು. ಆಗಲೇ ಎಳೆದಾಗಿತ್ತು. ಹೊಸ ಫಾರ್ಮು ತರಿಸಿ ಇವತ್ತು ಮತ್ತೆ ರುಜು ಹಾಕಿಸಿದ್ದೇನೆ.

ಮಳೆಗಾಲ, ಬಸ್ಸಿನಲ್ಲಿ ಓಡಾಡುವಾಗ ಜೋಪಾನ.

ನಿನ್ನ ಚಿಗಪ್ಪ
ಸಂಜೀವಪ್ಪ

ತಾ.ಕ.: ಕಾಂತೇಶ್ ಫಾರ್ಮು ನೋಡಿ "ಎಲ್ಲರದೂ ದಿನ ಇದ್ದು ಒಬ್ಬರದಿಲ್ಲ ಅಂದ್ರ ಸಾಲು ಕೆಡತೈತ್ರಿ" ಅಂದ. ನಿಮ್ಮವ್ವ ಒಳಗಿನಿಂದಲೇ "ನಮ್ಮನೀದು ಕೆಟ್ಟು ಐವತ್ತು ವರ್ಷ ಆತಪ್ಪ, ನಿನ್ನ ಸಾಲು ಇವತ್ತು ಕೆಡತೈತೇನು?" ಅಂದಳು. ಒಪ್ಪಿದ.


ಹಂಪಸಾಗರ
18 ಆಗಸ್ಟ್ 2025

ಮಗಳು ಯಶೋಧರಾಗೆ ಜೈಭೀಮ್, ಆಶೀರ್ವಾದ.

ನಿನ್ನ ಶಾಲೆಯಲ್ಲಿ ಧ್ವಜಾರೋಹಣ ಚೆನ್ನಾಗಿ ಆಯಿತೆಂದು ಫೋನಿನಲ್ಲಿ ಹೇಳಿದೆ. ಮುಖ್ಯೋಪಾಧ್ಯಾಯಿನಿಯೇ ಬಿಟ್ಟು ಬರಲಿಕ್ಕಾಗುವುದಿಲ್ಲ, ಗೊತ್ತು. ಇಲ್ಲಿ ನಡೆದದ್ದನ್ನು ಬರೆಯುತ್ತೇನೆ ಅಂದಿದ್ದೆ. ಮೂರು ದಿನ ತಡವಾಯಿತು. ಕಾರಣ ಕೊನೆಗೆ ಹೇಳುತ್ತೇನೆ.

ಬೆಳಿಗ್ಗೆ ಏಳರ ಬಸ್ಸಿಗೇ ಮೂವರೂ ಹಗರಿಬೊಮ್ಮನಹಳ್ಳಿಗೆ ಹೋದೆವು. ಹುಲಿಗೆಮ್ಮ ದಾರಿಯುದ್ದಕ್ಕೂ "ಮೊಣಕಾಲು ಕೇಳೋರಿಲ್ಲ, ಕಲ್ಲು ನೋಡಾಕ ಹೊಂಟೀವಿ" ಅಂತ ಗೊಣಗಿದಳು. ಹಾಗಂತ ಮನೆಯಲ್ಲಿರು ಅಂದರೆ ಇರುವವಳಲ್ಲ. ಕಲ್ಲು ಆಳೆತ್ತರ ಇದೆ, ಕರಿಯದು, ನುಣ್ಣಗಿದೆ. ಹನ್ನೊಂದು ಹೆಸರು. ಹತ್ತರ ಕೆಳಗೆ ದಿನ, ತಿಂಗಳು, ವರ್ಷ. ನಿಮ್ಮಪ್ಪನ ಹೆಸರಿನ ಕೆಳಗೆ ಬರೀ ಕಲ್ಲು. ಕಾಂತೇಶ್ ಹೆದರಿದ ಹಾಗೆ ಕೆಟ್ಟು ಕಾಣುವುದಿಲ್ಲ. ಮುಂದೆ ಬೇಕಾದೀತೆಂದು ಸಿಂಪಿಗ ಅರಿವೆ ಹೊಲಿಯುವಾಗ ಬಿಟ್ಟ ಜಾಗದಂತೆ ಕಾಣುತ್ತದೆ.

ಧ್ವಜ ಏರಿಸಿದ ಮೇಲೆ ಒಂದೊಂದು ಮನೆಯವರನ್ನೂ ಕರೆದರು. ಮನೆಯವರು ಬಂದು ತಮ್ಮವರ ಹೆಸರನ್ನು ಮೈಕಿನಲ್ಲಿ ಹೇಳಿ ಹೂವು ಇಡಬೇಕು. ಇದನ್ನು ಕಾಂತೇಶ್ ಮೊದಲೇ ಹೇಳಿರಲಿಲ್ಲ. ನಿಮ್ಮವ್ವ ಗಂಡನ ಹೆಸರನ್ನು ಒಂದು ಸಲವೂ ಬಾಯಲ್ಲಿ ಹೇಳಿದವಳಲ್ಲ, ನಿನಗೆ ಗೊತ್ತು. ರೇಷನ್ ಕಾರ್ಡಿನವರು ಕೇಳಿದರೂ ನನ್ನ ಕಡೆ ಕೈ ತೋರಿಸುವವಳು. ನಾನು ಹೇಳುತ್ತೇನೆಂದು ಅವಳ ಹಿಂದೆಯೇ ಹೋದೆ. ಮೈಕಿಗೆ ಬಾಯಿ ಹಚ್ಚುವಷ್ಟರಲ್ಲಿ ನನ್ನ ತೋಳು ಹಿಡಿದು ಪಕ್ಕಕ್ಕೆ ಸರಿಸಿದಳು.

"ಕರಿಸಿದ್ದಪ್ಪ" ಅಂದಳು.

ದನಿ, ಹೊರಗೆ ಆಡುವ ಮಕ್ಕಳನ್ನು ಊಟಕ್ಕೆ ಕರೆಯುವಾಗ ಹೇಗಿರುತ್ತದೋ ಹಾಗಿತ್ತು. ಹಡಗಲಿ ಮಲ್ಲಿಗೆಯ ಮಾಲೆ ತಂದಿದ್ದಳು, ಅದನ್ನು ಹೆಸರಿನ ಕೆಳಗಿನ ಖಾಲಿ ಜಾಗಕ್ಕೆ ಒರಗಿಸಿದಳು. ಕೆತ್ತಿದ ಅಕ್ಷರದೊಳಗೆ ಇನ್ನೂ ಕಲ್ಲಿನ ಪುಡಿ ಇತ್ತು. ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ ಒಂದೊಂದೇ ಅಕ್ಷರದ ಒಳಗೆ ಒರೆಸಿದಳು. ಹಿಂದಿನವರು ಕಾದರು.

ಕುಂಕುಮ ತೆಗೆದಿಲ್ಲ. ತೆಗೆಯುವ ಮಾತನ್ನು ನಾವು ಯಾರೂ ಆಡುವುದಿಲ್ಲ. ನೀನೂ ಆಡಬೇಡ.

ನಿನ್ನ ಪಾಠವನ್ನು ಮಕ್ಕಳು ಕಿವಿಗೊಟ್ಟು ಕೇಳಿದರೆಂದು ಬರೆದಿದ್ದೀಯ, ಸಂತೋಷವಾಯಿತು. "ಬಾಗಿಲು ಮತ್ತೆ ತೆರೆಯುತ್ತದೆಯೇ?" ಅಂತ ಒಬ್ಬಳು ಕೇಳಿದ್ದಕ್ಕೆ ಉತ್ತರ ಗೊತ್ತಾಗಲಿಲ್ಲವೆಂದೂ ಬರೆದಿದ್ದೀಯ. ಗೊತ್ತಿಲ್ಲ ಅಂತಲೇ ಹೇಳು. ಐವತ್ತು ವರ್ಷದಲ್ಲಿ ಮುಚ್ಚಿದ್ದನ್ನೂ ನೋಡಿದ್ದೇನೆ, ತೆರೆದದ್ದನ್ನೂ ನೋಡಿದ್ದೇನೆ. ಮುಂದಿನದನ್ನು ಓದಿದವರು ಯಾರೂ ಇಲ್ಲ.

ನೀನೂ ನಿನ್ನ ಮನೆಯೂ ತಣ್ಣಗಿರಲಿ. ನಿನ್ನ ಕೈಕೆಳಗೆ ಕಲಿತ ಮಕ್ಕಳು ಮುಂದೆ ಬರಲಿ.

ನಿನ್ನ ಚಿಗಪ್ಪ
ಸಂಜೀವಪ್ಪ

ತಾ.ಕ.: ಮೇಲಿನದನ್ನು ಬೇಕಾದರೆ ಮಕ್ಕಳಿಗೆ ಓದಿ ಹೇಳು. ಇದು ನಿನಗೊಬ್ಬಳಿಗೆ.

ಮಂಜಣ್ಣ ಬರೀ ಪೇರಲ ಹಣ್ಣು ಕೊಡಲು ಬರುತ್ತಿರಲಿಲ್ಲ. ಅವನ ಹೆಂಡತಿ ತೀರಿಕೊಂಡಿದ್ದಳು, ಮಕ್ಕಳಿರಲಿಲ್ಲ. 1976ರ ಜುಲೈಯಲ್ಲಿ ಕೋಗಳಿಯ ಹಿರಿಯರನ್ನು ಕರೆದುಕೊಂಡು ಬಂದು, ನಿಮ್ಮವ್ವನನ್ನು ಉಡಿಕೆ ಮಾಡಿಕೊಳ್ಳುತ್ತೇನೆ, ಸೀರೆ ಉಡಿಸಿ ಮರ್ಯಾದೆಯಿಂದ ಕರೆದೊಯ್ಯುತ್ತೇನೆ, ಮಗು ನನ್ನ ಮಗಳಾಗಿ ಬೆಳೆಯಲಿ ಅಂದ. ನಮ್ಮ ಅವ್ವ ಬೊಮ್ಮಮ್ಮ, ಮಗನನ್ನು ಕಳಕೊಂಡ ತಾಯಿ, ಅವಳೇ "ಹೋಗವ್ವ, ಇನ್ನಾ ಇಪ್ಪತ್ತೈದು ನಿನಗ" ಅಂದಳು. ನಿಮ್ಮವ್ವ ಒಂದು ದಿನದ ಗಡುವು ಕೇಳಿದಳು. "ನಾಳಿ ಸಂಜೀವ ಪೇಪರ್ ಓದಲಿ. ಅದ್ರಾಗ ಏನೂ ಇಲ್ಲಂದ್ರ ಹೋಗ್ತೀನಿ" ಅಂದಳು.

ಮರುದಿನದ ಪೇಪರಿನಲ್ಲಿ ಲಾಹೋರಿನ ಆ ರೈಲು ಹೊರಟ ಸುದ್ದಿ ಇತ್ತು. ಎಮರ್ಜೆನ್ಸಿಯ ಕಾಲ, ಪೇಪರಿನವರ ಕೈಗೆ ದಿಲ್ಲಿಯಲ್ಲಿ ಕಡಿವಾಣ. ನನ್ನ ಕೈಗೆ ಯಾರೂ ಕಡಿವಾಣ ಹಾಕಿರಲಿಲ್ಲ. ನಾಲ್ಕು ವರ್ಷದ ನೀನು ನನ್ನ ಹೆಗಲ ಮೇಲೆ ಕೂತು ಕೂದಲು ಜಗ್ಗುತ್ತಿದ್ದೆ. ಮಂಜಣ್ಣ ಬಾಗಿಲ ಹತ್ತಿರ ನಿಂತಿದ್ದ. ರೈಲಿನ ಸುದ್ದಿ ಓದಿ ಮುಗಿಸಿ, ಇಲ್ಲದ ಒಂದು ಸಾಲು ಓದಿದೆ. ಜೈಲಿನಲ್ಲಿ ಉಳಿದ ನಮ್ಮ ಸೈನಿಕರನ್ನು ಇದೇ ರೈಲಿನಲ್ಲಿ ಒಬ್ಬೊಬ್ಬರಂತೆ ಕಳಿಸುತ್ತಾರೆ ಅಂತ. ನಿಮ್ಮವ್ವ ಮಂಜಣ್ಣನ ಕಡೆ ನೋಡಿ ಕೈ ಮುಗಿದಳು. ಅವನು ಹಣ್ಣು ಕಟ್ಟಿದ ವಸ್ತ್ರವನ್ನು ಹೊಸ್ತಿಲ ಮೇಲಿಟ್ಟು ಹೋದ. ಮತ್ತೆ ಬರಲಿಲ್ಲ. ತೀರಿಕೊಂಡು ಬಹಳ ವರ್ಷವಾಯಿತು.

ಅಣ್ಣನಿಗಾಗಿ ಹೇಳಿದ ಸುಳ್ಳಲ್ಲ ಅದು, ಯಶೋಧರಾ. ಅಣ್ಣ ಬರುವುದಿಲ್ಲವೆಂದು ಅಷ್ಟು ಹೊತ್ತಿಗೆ ನನಗೆ ಗೊತ್ತಿತ್ತು. ನಿಮ್ಮವ್ವ ಹೋದರೆ ನೀನೂ ಹೋಗುತ್ತಿದ್ದೆ. ಹೆಗಲು ಹಗುರಾಗುವುದು ನನಗೆ ಬೇಡವಾಗಿತ್ತು, ಅಷ್ಟೇ.

ಹದಿನೈದರಂದು ವಾಪಸು ಬರುವಾಗ ಬಸ್ಸಿನಲ್ಲಿ ಇದನ್ನೆಲ್ಲ ನಿಮ್ಮವ್ವನಿಗೆ ಹೇಳಿದೆ. ಕಿಟಕಿಯಾಚೆ ಹಿನ್ನೀರು ನೋಡುತ್ತ ಕೂತಿದ್ದಳು. ಊರಿನ ಸ್ಟಾಪು ಬಂದು ಇಳಿಯುವಾಗ "ಮಂಜಣ್ಣ ಒಳ್ಳೆ ಮನಷ್ಯಾ ಇದ್ದ" ಅಂದಳು. ಅಷ್ಟೇ. ಎರಡು ದಿನ ಪೇಪರು ಜಗಲಿಯ ಮೇಲೆ ಮಡಚಿದ್ದ ಹಾಗೇ ಬಿದ್ದಿತ್ತು. ಇವತ್ತು ಬೆಳಿಗ್ಗೆ ತಾನೇ ತಂದು ನನ್ನ ತೊಡೆಯ ಮೇಲೆ ಹಾಕಿ, "ಓದು. ಇದ್ದದ್ದು ಇದ್ದಂಗ ಓದು" ಅಂದಳು. ಓದಿದೆ.

ನೀನು ಯಾರನ್ನೂ ಅಪ್ಪ ಅಂತ ಕರೆದವಳಲ್ಲ. ಕರೆಯಬಹುದಾಗಿದ್ದ ಒಬ್ಬ ನಮ್ಮ ಹೊಸ್ತಿಲಿಂದ ಹೊರಳಿ ಹೋದ, ನನ್ನಿಂದ. ಇದಕ್ಕೆ ನೀನು ಏನು ಬರೆಯುತ್ತೀಯೋ ಬರಿ, ತಡವಾದರೂ ಅಡ್ಡಿಯಿಲ್ಲ. ಬಂದ ದಿನ ಅದನ್ನೂ ನಿಮ್ಮವ್ವನಿಗೆ ಓದಿ ಹೇಳುತ್ತೇನೆ, ಒಂದು ಶಬ್ದ ಸೇರಿಸದೆ, ಒಂದು ಸಾಲು ಬಿಡದೆ.